ಸ್ಕೋರ್‌ಶೀಟ್ ಕಾಣದ ಆಟ, 65 ಪಂದ್ಯಗಳ ಗೆರೆ

ಮಲ್ಲೇಶ್ವರದಲ್ಲೋ ಜಯನಗರದಲ್ಲೋ ಭಾನುವಾರ ಸಂಜೆ ಬ್ಯಾಸ್ಕೆಟ್‌ಬಾಲ್ ಟೂರ್ನಿಯ ಫೈನಲ್ ಮುಗಿದಿರುತ್ತದೆ. ಅಂಗಳದ ನಡುವೆ ಮೇಜು ತಂದಿಟ್ಟು ಕಪ್‌ಗಳನ್ನು ಜೋಡಿಸುತ್ತಿರುತ್ತಾರೆ. ಅಷ್ಟರಲ್ಲಿ ಸಂಘಟಕರೊಬ್ಬರು ಸ್ಕೋರರ್ ಟೇಬಲ್ ಹತ್ತಿರ ಬಂದು, ಬಗ್ಗಿ, ಮೆಲ್ಲಗೆ ಕೇಳುತ್ತಾರೆ: ‘ಬೆಸ್ಟ್ ಪ್ಲೇಯರ್ ಯಾರಿಗೆ ಕೊಡೋಣ ಸರ್?’ ಆ ಟೇಬಲ್ ಹಿಂದೆ ಹಲವು ವರ್ಷ ಕೂತವನು ನಾನು. ಉತ್ತರ ಕೊಡಲು ನನ್ನ ಮುಂದೆ ಇರುವುದು ಒಂದೇ ಹಾಳೆ. ಅಂತರರಾಷ್ಟ್ರೀಯ ಬ್ಯಾಸ್ಕೆಟ್‌ಬಾಲ್ ಒಕ್ಕೂಟವಾದ ಫಿಬಾ ಮಾದರಿಯ ಆ ಸ್ಕೋರ್‌ಶೀಟಿನ ಎಡಕ್ಕೆ ಆಟಗಾರರ ಹೆಸರು, ಫೌಲ್‌ಗಳ ಚೌಕ, ಟೈಮ್‌ಔಟ್. ಬಲಕ್ಕೆ ಒಂದೊಂದೇ ಪಾಯಿಂಟ್‌ಗೆ ಗೆರೆ ಹಾಕುತ್ತಾ ಹೋಗುವ ಸ್ಕೋರ್ ಪಟ್ಟಿ. ರೀಬೌಂಡ್, ಅಂದರೆ ತಪ್ಪಿದ ಶಾಟಿನಿಂದ ಮರಳಿದ ಚೆಂಡು, ಯಾರು ಹಿಡಿದರು, ಯಾರ ಪಾಸಿನಿಂದ ಬ್ಯಾಸ್ಕೆಟ್ ಬಿತ್ತು, ಎದುರಾಳಿಯ ಮುಖ್ಯ ಶೂಟರ್‌ನನ್ನು ಇಡೀ ಎರಡನೇ ಅವಧಿ ಕಟ್ಟಿಹಾಕಿದವರು ಯಾರು ಎಂಬುದಕ್ಕೆಲ್ಲ ಅದರಲ್ಲಿ ಜಾಗವೇ ಇಲ್ಲ. ಹಾಗಾಗಿ ನಾನು ಪಾಯಿಂಟ್ ಕೂಡುತ್ತೇನೆ. ಹೆಚ್ಚು ಬಂದವರ ಹೆಸರು ಹೇಳುತ್ತೇನೆ. ಕಪ್ ಅವರ ಕೈ ಸೇರುತ್ತದೆ.

ಇದು ನಮ್ಮ ಊರಿನ ಬಡತನ ಅಂದುಕೊಂಡಿದ್ದೆ. ಅಮೆರಿಕದ ಎನ್‌ಬಿಎ ಪ್ರಶಸ್ತಿಗಳ ಚರಿತ್ರೆಯನ್ನು ಹಿಂದಿನಿಂದ ಓದುತ್ತಾ ಬಂದಾಗ, ಜಗತ್ತಿನ ಅತಿ ಶ್ರೀಮಂತ ಬ್ಯಾಸ್ಕೆಟ್‌ಬಾಲ್ ಲೀಗ್ ಕೂಡ 70 ವರ್ಷಗಳಿಂದ ಇದೇ ಟೇಬಲ್ಲಿನ ಸುತ್ತ ತಿರುಗುತ್ತಿದೆ ಅನ್ನಿಸಿತು. ಅಲ್ಲಿನ ಇವತ್ತಿನ ಜಗಳವೂ ಎಣಿಕೆಯದೇ. 2023-24ರ ಋತುವಿನಿಂದ ಎನ್‌ಬಿಎಯಲ್ಲಿ ಒಂದು ಗೆರೆ ಬಿದ್ದಿದೆ: 82 ಪಂದ್ಯಗಳ ಲೀಗ್ ಹಂತದಲ್ಲಿ ಕನಿಷ್ಠ 65 ಆಡದವರನ್ನು ಅತ್ಯಂತ ಮೌಲ್ಯಯುತ ಆಟಗಾರ ಅಂದರೆ ಎಂವಿಪಿ, ಅತ್ಯುತ್ತಮ ರಕ್ಷಣಾ ಆಟಗಾರ, ಹೆಚ್ಚು ಸುಧಾರಿಸಿದ ಆಟಗಾರ ಪ್ರಶಸ್ತಿಗಳಿಗೂ, ವರ್ಷದ ಅತ್ಯುತ್ತಮ ಆಟಗಾರರ ಪಟ್ಟಿಯಾದ ಆಲ್-ಎನ್‌ಬಿಎ ತಂಡಗಳಿಗೂ ಪರಿಗಣಿಸುವುದಿಲ್ಲ. ಅಂಗಳಕ್ಕೆ ಇಳಿದು ಬಂದರೆ ಸಾಲದು, ಪಂದ್ಯಕ್ಕೆ 20 ನಿಮಿಷ ಆಡಿರಬೇಕು. ಎರಡು ಪಂದ್ಯಗಳಿಗೆ ಮಾತ್ರ 15 ನಿಮಿಷದ ರಿಯಾಯಿತಿ. 62 ಪಂದ್ಯ ಆಡಿದ ಮೇಲೆ ಗಾಯದಿಂದ ಋತುವೇ ಮುಗಿದುಹೋದವರಿಗೆ ಒಂದು ಸಣ್ಣ ಕಿಂಡಿ ಬಿಟ್ಟಿದ್ದಾರೆ. ಹೊಸ ಆಟಗಾರನ ಪ್ರಶಸ್ತಿಗೂ ಬೆಂಚಿನಿಂದ ಬರುವ ಆರನೇ ಆಟಗಾರನ ಪ್ರಶಸ್ತಿಗೂ ಈ ಗೆರೆ ಇಲ್ಲ.

ನಿಯಮ ಸರಿಯೋ ತಪ್ಪೋ ಎಂದು ನೇರವಾಗಿ ಕೇಳಿದರೆ ಉತ್ತರ ಸಿಗುವುದಿಲ್ಲ. ಮತ ಹಾಕುವವರು ಯಾರು, ಅವರ ಮುಂದಿರುವ ಹಾಳೆಯಲ್ಲಿ ಏನಿದೆ, ಗೆದ್ದವರಿಗೆ ಕಪ್ಪಿನ ಜೊತೆ ಇನ್ನೇನು ಸಿಗುತ್ತದೆ ಎಂಬ ಮೂರನ್ನೂ ನೋಡಬೇಕು. ಈ ಮೂರೂ ಕಾಲಕಾಲಕ್ಕೆ ಬದಲಾದ ಹಾಗೆಲ್ಲ ‘ಅತ್ಯುತ್ತಮ’ ಎಂಬ ಮಾತಿನ ಅರ್ಥವೂ ಬದಲಾಗಿದೆ.

ಎನ್‌ಬಿಎಯ ಮೊದಲ ಎಂವಿಪಿ 1955-56ರಲ್ಲಿ ಸೇಂಟ್ ಲೂಯಿಸ್ ಹಾಕ್ಸ್ ತಂಡದ ಬಾಬ್ ಪೆಟಿಟ್. ಆಗ ಮತ ಹಾಕುತ್ತಿದ್ದವರು ಆಟಗಾರರೇ. 1979-80ರವರೆಗೂ ಹಾಗೇ ನಡೆಯಿತು. ಈ ಕಾಲು ಶತಮಾನದಲ್ಲಿ ನಾನು ಮತ್ತೆ ಮತ್ತೆ ಮರಳುವುದು 1961-62ಕ್ಕೆ. ಆ ವರ್ಷ ವಿಲ್ಟ್ ಚೇಂಬರ್ಲಿನ್ ಪಂದ್ಯಕ್ಕೆ ಸರಾಸರಿ 50.4 ಪಾಯಿಂಟ್ ಗಳಿಸಿದ. ಆಸ್ಕರ್ ರಾಬರ್ಟ್‌ಸನ್ ಸರಾಸರಿ 30.8 ಪಾಯಿಂಟ್, 12.5 ರೀಬೌಂಡ್, 11.4 ಅಸಿಸ್ಟ್ (ಬ್ಯಾಸ್ಕೆಟ್‌ಗೆ ದಾರಿ ಮಾಡಿದ ಪಾಸ್), ಅಂದರೆ ಮೂರರಲ್ಲೂ ಎರಡಂಕಿ, ಇಡೀ ಋತುವಿಗೆ ಟ್ರಿಪಲ್-ಡಬಲ್, ಆ ಪದವೇ ಬಳಕೆಗೆ ಬಂದಿರದ ಕಾಲದಲ್ಲಿ. ಆದರೆ ಎಂವಿಪಿ ಆದದ್ದು 18.9 ಪಾಯಿಂಟ್ ಸರಾಸರಿಯ ಬಿಲ್ ರಸೆಲ್! ವಿಲ್ಟ್ ಎರಡನೆಯವ, ಆಸ್ಕರ್ ಮೂರನೆಯವ. ಅದೇ ವರ್ಷ ಪತ್ರಕರ್ತರು ಆರಿಸಿದ ಆಲ್-ಎನ್‌ಬಿಎ ಮೊದಲ ತಂಡದಲ್ಲಿ ರಸೆಲ್‌ಗೆ ಜಾಗ ಸಿಗಲಿಲ್ಲ. ಸೆಂಟರ್ ಸ್ಥಾನ ವಿಲ್ಟ್‌ಗೆ ಹೋಯಿತು, ರಸೆಲ್ ಎರಡನೇ ತಂಡಕ್ಕೆ. ಒಂದೇ ಋತು, ಒಂದೇ ಆಟ, ಅದನ್ನು ನೋಡಿದ ಎರಡು ಗುಂಪುಗಳಿಂದ ಎರಡು ತೀರ್ಪು. 1957-58 ಮತ್ತು 1960-61ರಲ್ಲೂ ರಸೆಲ್‌ಗೆ ಇದೇ ಆಯಿತು, 1972-73ರಲ್ಲಿ ಡೇವ್ ಕೋವೆನ್ಸ್‌ಗೂ ಆಯಿತು.

ಇದಕ್ಕೆ ಪತ್ರಕರ್ತರಿಗೆ ಆಟ ಗೊತ್ತಿರಲಿಲ್ಲ ಎಂದುಬಿಡುವುದು ಅನ್ಯಾಯ. ಅವರ ಕೈಯಲ್ಲಿದ್ದ ಹಾಳೆಯನ್ನು ನೋಡಿ: ಎನ್‌ಬಿಎ ಸ್ಟೀಲ್ (ಎದುರಾಳಿಯಿಂದ ಕಸಿದ ಚೆಂಡು) ಮತ್ತು ಬ್ಲಾಕ್‌ಗಳನ್ನು (ತಡೆದ ಶಾಟ್) ಅಧಿಕೃತವಾಗಿ ಎಣಿಸಲು ಶುರುಮಾಡಿದ್ದು 1973-74ರಲ್ಲಿ. ಅಷ್ಟು ಹೊತ್ತಿಗೆ ರಸೆಲ್ ನಿವೃತ್ತನಾಗಿ ನಾಲ್ಕು ವರ್ಷ ದಾಟಿತ್ತು. ಅವನ ಜೀವಮಾನದ ಒಂದೇ ಒಂದು ಬ್ಲಾಕ್ ಕೂಡ ದಾಖಲೆ ಪುಸ್ತಕದಲ್ಲಿ ಇಲ್ಲ. ಅದು ದಾಖಲಾದದ್ದು ಎದುರಾಳಿಗಳ ಮೈಯಲ್ಲಿ. ರಿಂಗ್ ಹತ್ತಿರ ಚೆಂಡು ಒಯ್ದು, ಎಲ್ಲಿಂದಲೋ ಚಾಚಿದ ಆ ಕೈಗೆ ಹೆದರಿ ಪಾಸ್ ಕೊಟ್ಟು ವಾಪಸಾದವನಿಗೆ ಅದು ಗೊತ್ತು. ಮತಪತ್ರ ಅವನ ಕೈಗೆ ಬಂದಾಗ ಅವನು ಬರೆದ ಹೆಸರು ರಸೆಲ್. ಸ್ಕೋರ್‌ಶೀಟ್ ಕಾಣದ ಆಟಕ್ಕೆ ಸಾಕ್ಷಿ ಹೇಳಲು ಆ ಕಾಲದಲ್ಲಿ ಆಟಗಾರರ ಮತದಷ್ಟು ಬಲವಾದದ್ದು ಇನ್ನೊಂದು ಇರಲಿಲ್ಲ ಎಂದು ನಾನು ನಂಬುತ್ತೇನೆ. ಚೇಂಬರ್ಲಿನ್‌ನ ಬ್ಲಾಕ್‌ಗಳೂ ಹೀಗೇ ಲೆಕ್ಕವಿಲ್ಲದೆ ಹೋದವು, ಆದರೆ ಅವನಿಗೆ 50.4 ಎಂಬ ಅಂಕಿ ಉಳಿಯಿತು.

1980-81ರಿಂದ ಎಂವಿಪಿ ಮತ ಮಾಧ್ಯಮದವರಿಗೆ ಹೋಯಿತು. ಹಾಗೆ ಆಯ್ಕೆಯಾದ ಮೊದಲಿಗ ಜೂಲಿಯಸ್ ಅರ್ವಿಂಗ್. ಎಣಿಕೆ ಹೆಚ್ಚಿದ ಹಾಗೆ ಪ್ರಶಸ್ತಿಗಳೂ ಹೆಚ್ಚಿದವು: 1982-83ರಲ್ಲಿ ರಕ್ಷಣಾ ಆಟಗಾರನಿಗೆ ಮತ್ತು ಆರನೇ ಆಟಗಾರನಿಗೆ, 1985-86ರಲ್ಲಿ ಹೆಚ್ಚು ಸುಧಾರಿಸಿದವನಿಗೆ. ಬ್ಲಾಕ್ ಮತ್ತು ಸ್ಟೀಲ್ ಹಾಳೆಗೆ ಬಂದು ಒಂಬತ್ತು ವರ್ಷಕ್ಕೆ ರಕ್ಷಣೆಗೆ ಒಂದು ಕಪ್ ಹುಟ್ಟಿತು.

ಎಣಿಕೆ ಬಂದ ಮಾತ್ರಕ್ಕೆ ನ್ಯಾಯ ಬಂತು ಎಂದೂ ಹೇಳಲಾರೆ. 1987-88ರಲ್ಲಿ ಮೈಕೆಲ್ ಜೋರ್ಡಾನ್ 259 ಸ್ಟೀಲ್‌ಗಳೊಂದಿಗೆ ರಕ್ಷಣಾ ಪ್ರಶಸ್ತಿಯನ್ನೂ ಎಂವಿಪಿಯನ್ನೂ ಒಟ್ಟಿಗೆ ಗೆದ್ದ. 2024ರಲ್ಲಿ ಪತ್ರಕರ್ತನೊಬ್ಬ ಆ ಋತುವಿನ ಲೆಕ್ಕಗಳನ್ನು ಬಿಡಿಸಿ ನೋಡಿದಾಗ, ಶಿಕಾಗೋದ ತವರು ಅಂಗಳದಲ್ಲಿ ದಾಖಲಾದ ಸ್ಟೀಲ್‌ಗಳು ಹೊರಗಿನವಕ್ಕಿಂತ ಬಹಳ ಹೆಚ್ಚಾಗಿರುವುದು ಕಂಡಿತು. ಜೋರ್ಡಾನ್ ಅದ್ಭುತ ರಕ್ಷಕ ಎಂಬುದರಲ್ಲಿ ನನಗೆ ಅನುಮಾನವಿಲ್ಲ. ಆದರೆ ತವರು ತಂಡದ ಟೇಬಲ್ ಹಿಂದೆ ಕೂತವನ ಪೆನ್ನು ಯಾವ ಕಡೆ ವಾಲುತ್ತದೆ ಎಂಬುದು, ಅಂಥ ಟೇಬಲ್ ಹಿಂದೆ ಕೂತ ನನಗೆ ಚೆನ್ನಾಗಿ ಗೊತ್ತು. ಚೆಂಡಿಗೆ ಬೆರಳು ತಾಗಿತೋ ಇಲ್ಲವೋ ಎಂಬಲ್ಲಿ ಕಣ್ಣು ಪ್ರೀತಿಯ ಮಾತು ಕೇಳುತ್ತದೆ.

ಆಸ್ಕರ್‌ನ ಅಂಕಿಗಳ ಮುಂದಿನ ಕತೆ ನೋಡಿ. 55 ವರ್ಷಗಳ ನಂತರ, 2016-17ರಲ್ಲಿ, ರಸೆಲ್ ವೆಸ್ಟ್‌ಬ್ರೂಕ್ ಮತ್ತೆ ಋತುವಿಡೀ ಟ್ರಿಪಲ್-ಡಬಲ್ ಸರಾಸರಿ ತಂದ. ಅವನ ತಂಡ ಓಕ್ಲಹೋಮ ಸಿಟಿ ಗೆದ್ದದ್ದು 47 ಪಂದ್ಯ, ವೆಸ್ಟರ್ನ್ ಕಾನ್ಫರೆನ್ಸ್‌ನಲ್ಲಿ ಆರನೇ ಸ್ಥಾನ. ಪತ್ರಕರ್ತರು ಅವನನ್ನೇ ಎಂವಿಪಿ ಮಾಡಿದರು. 2024-25ರಲ್ಲಿ ನಿಕೊಲಾ ಯೋಕಿಚ್ ಅದೇ ಸಾಧನೆ ಮಾಡಿದಾಗ 100 ಮೊದಲ ಸ್ಥಾನದ ಮತಗಳಲ್ಲಿ 29 ಮಾತ್ರ ಅವನಿಗೆ ಬಂದವು. 71 ಮತ ಪಡೆದು ಗೆದ್ದವನು 68 ಪಂದ್ಯ ಗೆದ್ದ ತಂಡದ ಶೇ ಗಿಲ್ಜಸ್-ಅಲೆಕ್ಸಾಂಡರ್. ಹೀಗೆ ಒಂದೇ ಬಗೆಯ ಸಾಧನೆ ಒಮ್ಮೆ ಮೂರನೇ ಸ್ಥಾನಕ್ಕೆ, ಒಮ್ಮೆ ಮೊದಲಿಗೆ, ಒಮ್ಮೆ ಎರಡನೆಯದಕ್ಕೆ ನಿಂತಿದೆ. 2017ರಲ್ಲಿ ಅದು ಅಪರೂಪವಾಗಿತ್ತು. 2025ರ ಹೊತ್ತಿಗೆ ವೆಸ್ಟ್‌ಬ್ರೂಕನೇ ಅದನ್ನು ನಾಲ್ಕು ಬಾರಿ ಮಾಡಿ ಮುಗಿಸಿದ್ದ. ಮತದಾರ ಅಂಕಿಯನ್ನು ನೋಡುತ್ತಾನೆ, ಅಂಕಿಯ ಹೊಸತನವನ್ನೂ ನೋಡುತ್ತಾನೆ.

ಹಾಗಾದರೆ ಮತವನ್ನು ಆಟಗಾರರಿಗೇ ವಾಪಸ್ ಕೊಟ್ಟುಬಿಡಬಹುದಲ್ಲ? ನನ್ನ ಮನಸ್ಸು ಅತ್ತಲೇ ಎಳೆಯುತ್ತದೆ. 2015ರಲ್ಲಿ ಆಟಗಾರರ ಸಂಘ ತನ್ನದೇ ಪ್ರಶಸ್ತಿ ಇಟ್ಟಾಗ ಅವರು ಆರಿಸಿದ್ದು ಜೇಮ್ಸ್ ಹಾರ್ಡನ್‌ನನ್ನು. ಮಾಧ್ಯಮದವರು ಆರಿಸಿದ್ದು ಸ್ಟೀಫನ್ ಕರಿಯನ್ನು. ಅಂದರೆ ಕಣ್ಣುಗಳು ಈಗಲೂ ಬೇರೆ ಬೇರೆಯೇ. ಆದರೆ 2017ರಲ್ಲಿ ಆಲ್-ಸ್ಟಾರ್ ಪಂದ್ಯದ ಆಯ್ಕೆಯಲ್ಲಿ ಆಟಗಾರರಿಗೆ ಕಾಲು ಭಾಗದ ತೂಕ ಕೊಟ್ಟಾಗ ಎಷ್ಟೋ ಮಂದಿ ತಮಗೂ ಗೆಳೆಯರಿಗೂ ಮತ ಹಾಕಿಕೊಂಡು ಆ ಅವಕಾಶವನ್ನು ಹಾಳುಮಾಡಿದರು. ಮಾಧ್ಯಮದವರ ಮತದ ಮೇಲೆ ಮಾತ್ರ ಈಗ ಬೆಳಕಿದೆ: ಯಾರು ಯಾರಿಗೆ ಹಾಕಿದರು ಎಂಬುದು ಬಹಿರಂಗ. ತಂಡಗಳ ಸ್ವಂತ ವೀಕ್ಷಕ ವಿವರಣೆಗಾರರನ್ನು ಮತಪಟ್ಟಿಯಿಂದ ತೆಗೆದಿದ್ದಾರೆ. ಬಚ್ಚಿಟ್ಟ ಮತಕ್ಕಿಂತ ಇದು ಎಷ್ಟೋ ಮೇಲು.

ಫೈನಲ್ಸ್‌ನ ಎಂವಿಪಿ ಬಗ್ಗೆ ಒಂದು ಮಾತು ಹೇಳದೆ ಮುಂದೆ ಹೋಗಲಾರೆ. ಅದು ಶುರುವಾದದ್ದು 1969ರಲ್ಲಿ. ಮೊದಲ ವರ್ಷವೇ ಸೋತ ಲೇಕರ್ಸ್ ತಂಡದ ಜೆರ್ರಿ ವೆಸ್ಟ್‌ಗೆ ಕೊಟ್ಟರು. ಅದಾದ ಮೇಲೆ ಸೋತ ತಂಡದವರಿಗೆ ಅದು ಹೋದದ್ದೇ ಇಲ್ಲ. ಗೆದ್ದ ಸೆಲ್ಟಿಕ್ಸ್ ತಂಡದ ಬಿಲ್ ರಸೆಲ್ ತನ್ನ 11ನೇ ಚಾಂಪಿಯನ್ ಪಟ್ಟದೊಂದಿಗೆ ಅದೇ ವರ್ಷ ನಿವೃತ್ತನಾದ. 2009ರಿಂದ ಆ ಪ್ರಶಸ್ತಿಗೆ ರಸೆಲ್ ಹೆಸರು ಇದೆ, ಅವನು ಅದನ್ನು ಒಮ್ಮೆಯೂ ಗೆಲ್ಲದಿದ್ದರೂ. 2022ರ ಡಿಸೆಂಬರ್‌ನಲ್ಲಿ ಉಳಿದ ಟ್ರೋಫಿಗಳಿಗೂ ಹೊಸ ಹೆಸರುಗಳು ಬಂದವು. ಲೀಗಿನ ಮೊದಲ ಮುಖ್ಯಸ್ಥ ಮಾರಿಸ್ ಪೊಡೊಲೊಫ್ ಹೆಸರಿನಲ್ಲಿದ್ದ ಎಂವಿಪಿ ಕಪ್ ಜೋರ್ಡಾನ್ ಹೆಸರಿಗೆ ಹೋಯಿತು, ರಕ್ಷಣೆಯದು ಹಕೀಮ್ ಒಲಾಜುವನ್‌ಗೆ. ಆಡಳಿತಗಾರನ ಹೆಸರು ಇಳಿದು ಆಟಗಾರನ ಹೆಸರು ಏರಿದ್ದು ನನಗೆ ಸಂತೋಷ ಕೊಟ್ಟ ಬದಲಾವಣೆ.

ಯುರೋಪಿನ ಕ್ಲಬ್‌ಗಳು ಬೇರೆ ದಾರಿ ಹಿಡಿದವು. ಖಂಡದ ಚಾಂಪಿಯನ್ ಕ್ಲಬ್ ಯಾವುದು ಎಂಬ ಸ್ಪರ್ಧೆ 1958ರಿಂದ ಇದೆ, ಆದರೆ ಇಡೀ ಋತುವಿನ ಯುರೋಲೀಗ್ ಎಂವಿಪಿ ಶುರುವಾದದ್ದು 2004-05ರಲ್ಲಿ. ಮೊದಲ ಎರಡು ವರ್ಷವೂ ಮಕಾಬಿ ಟೆಲ್ ಅವಿವ್‌ನ ಆಂಥೊನಿ ಪಾರ್ಕರ್ ಗೆದ್ದ. ಅಲ್ಲಿ ಆಟಗಾರನನ್ನು ಅಳೆಯಲು ಒಂದು ಸೂಚ್ಯಂಕವಿದೆ, ಹುಟ್ಟಿದ್ದು ಸ್ಪೇನಿನ ಲೀಗ್‌ನಲ್ಲಿ. ಪಾಯಿಂಟ್, ರೀಬೌಂಡ್, ಅಸಿಸ್ಟ್, ಸ್ಟೀಲ್, ಬ್ಲಾಕ್, ಎದುರಾಳಿಯಿಂದ ಗಿಟ್ಟಿಸಿದ ಫೌಲ್ ಇವನ್ನೆಲ್ಲ ಕೂಡಿಸಿ, ತಪ್ಪಿದ ಶಾಟ್, ಕಳೆದುಕೊಂಡ ಚೆಂಡು, ತಡೆಸಿಕೊಂಡ ಶಾಟ್, ಮಾಡಿದ ಫೌಲ್‌ಗಳನ್ನು ಕಳೆಯುವುದು. ಅಂಗಡಿ ಲೆಕ್ಕದಷ್ಟು ಸರಳ. ಗಿಟ್ಟಿಸಿದ ಫೌಲ್‌ಗೂ ಬೆಲೆ ಕೊಟ್ಟಿರುವುದು ನನಗೆ ಇಷ್ಟ, ಮೈಯೊಡ್ಡಿ ಆಡುವವನು ಅಲ್ಲಿ ಕಾಣಿಸುತ್ತಾನೆ. ಅತಿಹೆಚ್ಚು ಪಾಯಿಂಟ್ ಗಳಿಸಿದವನಿಗೆ ಕೊಡುವ ಟ್ರೋಫಿಗೆ ಯುರೋಪಿನವರು ಅಲ್ಫಾನ್ಸೊ ಫೋರ್ಡ್ ಹೆಸರಿಟ್ಟಿದ್ದಾರೆ. ರಕ್ತದ ಕ್ಯಾನ್ಸರ್ ಇಟ್ಟುಕೊಂಡೇ ವರ್ಷಗಟ್ಟಲೆ ಆಡಿ, 2004ರಲ್ಲಿ ತೀರಿಕೊಂಡ ಗಾರ್ಡ್ ಸ್ಥಾನದ ಅಮೆರಿಕದ ಆಟಗಾರ ಅವನು. ಪ್ರತಿ ವರ್ಷ ಆ ಹೆಸರು ಓದುವಾಗ ಗಂಟಲು ಕಟ್ಟುತ್ತದೆ.

ಈಗ ದುಡ್ಡಿಗೆ ಬರೋಣ, ಏಕೆಂದರೆ 65ರ ಗೆರೆ ಸುಡಲು ಶುರುವಾಗುವುದು ಅಲ್ಲಿ. ಎನ್‌ಬಿಎಯಲ್ಲಿ ತಂಡವೊಂದು ಸಂಬಳಕ್ಕೆ ಖರ್ಚು ಮಾಡುವ ಮೊತ್ತಕ್ಕೆ ಸ್ಯಾಲರಿ ಕ್ಯಾಪ್ ಎಂಬ ಮಿತಿ ಇದೆ. ಅದರಲ್ಲಿ ಒಬ್ಬ ಆಟಗಾರ ಎಷ್ಟು ಪಾಲು ಪಡೆಯಬಹುದು ಎಂಬುದು ಅನುಭವದ ಮೇಲೆ ನಿಂತಿದೆ: ಮೊದಲ ಆರು ವರ್ಷದವರೆಗೆ ಶೇ 25, ಏಳರಿಂದ ಒಂಬತ್ತಕ್ಕೆ ಶೇ 30, ಹತ್ತು ದಾಟಿದವರಿಗೆ ಶೇ 35. ಲೀಗ್ ಮತ್ತು ಆಟಗಾರರ ಸಂಘದ 2011ರ ಒಪ್ಪಂದದಲ್ಲಿ ಇದಕ್ಕೆ ಒಂದು ಏಣಿ ಬಂತು. ಅದೇ ವರ್ಷ 22ನೇ ವಯಸ್ಸಿಗೆ ಎಂವಿಪಿ ಆದ ಡೆರಿಕ್ ರೋಸ್ ಹೆಸರಿನಿಂದ ‘ರೋಸ್ ನಿಯಮ’ ಎನ್ನುತ್ತಾರೆ. ಯುವ ಆಟಗಾರ ಎಂವಿಪಿ ಆದರೆ, ಅಥವಾ ಆಲ್-ಎನ್‌ಬಿಎ ತಂಡಕ್ಕೆ ಆಯ್ಕೆಯಾಗುತ್ತಾ ಬಂದರೆ, ಶೇ 25ರಿಂದ 30ಕ್ಕೆ ಏರಬಹುದು. 2017ರಲ್ಲಿ ‘ಸೂಪರ್‌ಮ್ಯಾಕ್ಸ್’ ಬಂದು ಹಿರಿಯರಿಗೂ ಶೇ 30ರಿಂದ 35ಕ್ಕೆ ದಾರಿ ತೆರೆಯಿತು. ಕೀಲಿಕೈಗಳು ಅವೇ: ಎಂವಿಪಿ, ರಕ್ಷಣಾ ಪ್ರಶಸ್ತಿ, ಆಲ್-ಎನ್‌ಬಿಎ.

ಗೌರವಕ್ಕೆಂದು ಹುಟ್ಟಿದ ಮತ ಅಂದಿನಿಂದ ಸಂಬಳ ನಿರ್ಧರಿಸುವ ಮತವಾಯಿತು. 2017ರಲ್ಲಿ ಪಾಲ್ ಜಾರ್ಜ್ ಆಲ್-ಎನ್‌ಬಿಎ ತಂಡಗಳಿಂದ ಹೊರಗುಳಿದ. ಅವನ ತಂಡ ಇಂಡಿಯಾನಾ ಅವನಿಗೆ ಆ ದೊಡ್ಡ ಒಪ್ಪಂದ ಕೊಡುವ ಹಾಗಿರಲಿಲ್ಲ. ಆ ಬೇಸಿಗೆಯಲ್ಲೇ ಅವನು ಓಕ್ಲಹೋಮಕ್ಕೆ ಹೋದ. ಅದೇ ಇಂಡಿಯಾನಾದ ಟೈರೀಸ್ ಹ್ಯಾಲಿಬರ್ಟನ್‌ಗೆ 2024ರಲ್ಲಿ ಆಲ್-ಎನ್‌ಬಿಎ ಸಿಕ್ಕರೆ ಐದು ವರ್ಷಕ್ಕೆ ಸುಮಾರು 24.5 ಕೋಟಿ ಡಾಲರ್, ಸಿಗದಿದ್ದರೆ ಸುಮಾರು 20.4 ಕೋಟಿ. ನಮ್ಮ ಲೆಕ್ಕದಲ್ಲಿ 300 ಕೋಟಿ ರೂಪಾಯಿಗೂ ಮೀರಿದ ಅಂತರ. ತೊಡೆಯ ಸ್ನಾಯು ಎಳೆದುಕೊಂಡಿದ್ದ ಅವನು 65ರ ನಿಯಮವನ್ನು ಬಹಿರಂಗವಾಗಿ ಟೀಕಿಸಿದ, ಆದರೂ ಮರಳಿ ಬಂದು ಆಡಿದ, 69 ಪಂದ್ಯ ಮುಟ್ಟಿಸಿದ, ಮೂರನೇ ತಂಡಕ್ಕೆ ಆಯ್ಕೆಯಾದ.

ಜೋಯೆಲ್ ಎಂಬೀಡ್‌ಗೆ ಆ ಅದೃಷ್ಟವಿರಲಿಲ್ಲ. 2022-23ರಲ್ಲಿ ಅವನು 66 ಪಂದ್ಯ ಆಡಿ ಎಂವಿಪಿ ಆಗಿದ್ದ. ಮರುವರ್ಷ ಅದಕ್ಕಿಂತ ಚೆನ್ನಾಗಿ ಆಡುತ್ತಿದ್ದ, 2024ರ ಜನವರಿ 22ರಂದು ಒಂದೇ ಪಂದ್ಯದಲ್ಲಿ 70 ಪಾಯಿಂಟ್. ಐದು ದಿನಕ್ಕೆ ಮಂಡಿನೋವಿನಿಂದ ಡೆನ್ವರ್ ಪಂದ್ಯಕ್ಕೆ ಇಳಿಯಲಿಲ್ಲ. ಡೆನ್ವರ್‌ನ ಯೋಕಿಚ್‌ಗೆ ಹೆದರಿದ ಎಂದು ಎಲ್ಲ ಕಡೆ ಆಡಿಕೊಂಡರು. ತಪ್ಪಿಸಿಕೊಳ್ಳಬಹುದಾದ ಪಂದ್ಯಗಳ ಲೆಕ್ಕ ಮುಗಿಯುತ್ತಾ ಬಂದಿತ್ತು. ಜನವರಿ 30ರಂದು ಗೋಲ್ಡನ್ ಸ್ಟೇಟ್ ವಿರುದ್ಧ ಅದೇ ಕಾಲಿನಲ್ಲಿ ಆಡಿದ, ಚೆಂಡಿಗಾಗಿ ಬಿದ್ದಾಗ ಎದುರಾಳಿಯ ಭಾರ ಆ ಮಂಡಿಯ ಮೇಲೆ ಬಿತ್ತು, ಶಸ್ತ್ರಚಿಕಿತ್ಸೆ ಆಯಿತು. ಆ ಋತುವಿನಲ್ಲಿ ಅವನಿಗೆ ಒಟ್ಟು 39 ಪಂದ್ಯ. ನಿಯಮವೇ ಮಂಡಿ ಮುರಿಯಿತು ಎನ್ನಲಾರೆ. ಹ್ಯಾಲಿಬರ್ಟನ್ 2025ರ ಫೈನಲ್ಸ್‌ನಲ್ಲಿ ಯಾವ ನಿಯಮದ ಒತ್ತಾಯವೂ ಇಲ್ಲದೆ ಮೀನಖಂಡದ ನೋವಿನಲ್ಲೇ ಆಡಿ, ಏಳನೇ ಪಂದ್ಯದಲ್ಲಿ ಹಿಮ್ಮಡಿಯ ಸ್ನಾಯು ಹರಿದುಕೊಂಡ. ಆಟಗಾರರು ನೋವಿನಲ್ಲಿ ಆಡುವುದು ಹೊಸದಲ್ಲ. ಫೈನಲ್ಸ್‌ನ ಕೊನೆಯ ಪಂದ್ಯಕ್ಕೆ ಮೈಯೊಡ್ಡುವುದು ಅವನದೇ ಆಯ್ಕೆ. ಜನವರಿಯ ಒಂದು ಮಂಗಳವಾರದ ಪಂದ್ಯಕ್ಕೆ ಲೆಕ್ಕ ತುಂಬಿಸಲೆಂದು ಮೈಯೊಡ್ಡುವ ಪರಿಸ್ಥಿತಿಯನ್ನು ಕಾಗದದ ಮೇಲೆ ಬರೆದು ತಂದದ್ದು ಲೀಗ್ ಮತ್ತು ಆಟಗಾರರ ಸಂಘ.

2024-25ರಲ್ಲಿ ವಿಕ್ಟರ್ ವೆಂಬನ್ಯಾಮ ಪಂದ್ಯಕ್ಕೆ 3.8 ಬ್ಲಾಕ್ ಮಾಡುತ್ತಿದ್ದ. ಭುಜದಲ್ಲಿ ರಕ್ತ ಹೆಪ್ಪುಗಟ್ಟಿ 46 ಪಂದ್ಯಕ್ಕೆ ನಿಲ್ಲಬೇಕಾಯಿತು, ರಕ್ಷಣಾ ಪ್ರಶಸ್ತಿ ಇವಾನ್ ಮೋಬ್ಲಿಗೆ ಹೋಯಿತು. ಹಿಂದಕ್ಕೆ ಹೋದರೆ, 1977-78ರಲ್ಲಿ ಬಿಲ್ ವಾಲ್ಟನ್ 58 ಪಂದ್ಯವಷ್ಟೇ ಆಡಿದ್ದ. ಆಟಗಾರರು ಅವನನ್ನೇ ಎಂವಿಪಿ ಮಾಡಿದರು. ಇವತ್ತಾಗಿದ್ದರೆ ಅವನ ಹೆಸರು ಮತಪತ್ರದಲ್ಲೇ ಇರುತ್ತಿರಲಿಲ್ಲ.

ನಿಯಮದ ಪರವಾಗಿ ಗಟ್ಟಿಯಾದ ಮಾತಿದೆ, ಅದನ್ನು ಮುಚ್ಚಿಡುವುದು ತಪ್ಪು. ಗಾಯವಿಲ್ಲದಿದ್ದರೂ ವಿಶ್ರಾಂತಿಯ ಹೆಸರಿನಲ್ಲಿ ತಾರೆಗಳನ್ನು ಕೂರಿಸುವ ಅಭ್ಯಾಸ ಬೆಳೆದಿತ್ತು. 2018-19ರಲ್ಲಿ ಕವಾಯಿ ಲೆನಾರ್ಡ್ 60 ಪಂದ್ಯ ಆಡಿ, ಉಳಿದವಕ್ಕೆ ದೇಹ ಉಳಿಸಿಕೊಂಡು, ಟೊರಾಂಟೊಗೆ ಚಾಂಪಿಯನ್ ಪಟ್ಟ ತಂದು, ಫೈನಲ್ಸ್‌ನ ಎಂವಿಪಿಯೂ ಆದ. ಎಲ್ಲರಿಗೂ ಅದು ಮಾದರಿಯಾಯಿತು. ವರ್ಷಕ್ಕೊಮ್ಮೆ ಊರಿಗೆ ಬರುವ ತಾರೆಯನ್ನು ನೋಡಲು ಮಗುವನ್ನು ಕರೆದುಕೊಂಡು ಬಂದ ಅಪ್ಪನಿಗೆ ಬೆಂಚಿನ ಮೇಲೆ ಕೋಟು ಹಾಕಿ ಕೂತವನನ್ನು ತೋರಿಸಿದರೆ ಅದು ಮೋಸವೇ. 11 ವರ್ಷಕ್ಕೆ 7,600 ಕೋಟಿ ಡಾಲರ್ ಆಸುಪಾಸಿನ ಪ್ರಸಾರ ಹಕ್ಕು ಮಾರುವ ಲೀಗ್, ತಾರೆಗಳು ಆಡುತ್ತಾರೆ ಎಂಬ ಭರವಸೆ ಕೊಡಲೇಬೇಕು.

ಆದರೆ ಆ ಭರವಸೆಯ ಭಾರವನ್ನು ಪ್ರಶಸ್ತಿಯ ಹೆಗಲಿಗೆ ಏಕೆ ಹಾಕಬೇಕು? ಹಾಜರಾತಿಗೆ ಬೆಲೆ ಕಟ್ಟುವುದಿದ್ದರೆ ಸಂಬಳದ ಒಪ್ಪಂದದಲ್ಲೇ ಕಟ್ಟಲಿ, ಆಡಿದ ಪಂದ್ಯಕ್ಕೆ ಇಷ್ಟು ಎಂದು. ಶೇ 30ರಿಂದ 35ಕ್ಕೆ ಏರುವ ಏಣಿಯನ್ನು ಪತ್ರಕರ್ತರ ಮತದಿಂದ ಬಿಚ್ಚಿಡಲಿ. ಕೆಲವು ದೊಡ್ಡ ಪತ್ರಿಕೆಗಳು ತಮ್ಮ ವರದಿಗಾರರಿಗೆ ಮತ ಹಾಕಲು ಬಿಡುವುದಿಲ್ಲ. ತಾನು ವರದಿ ಮಾಡುವ ಆಟಗಾರನ ಸಂಬಳ ನಿರ್ಧರಿಸುವುದು ವರದಿಗಾರನ ಕೆಲಸವಲ್ಲವಲ್ಲ. ಕಡಿಮೆ ಪಂದ್ಯ ಆಡಿದವನನ್ನು ಮತದಾರರು ಮೊದಲೂ ಸುಮ್ಮನೆ ಗೆಲ್ಲಿಸುತ್ತಿರಲಿಲ್ಲ. 50 ಪಂದ್ಯದ ಅದ್ಭುತ ದೊಡ್ಡದೋ, 80 ಪಂದ್ಯದ ಶ್ರದ್ಧೆ ದೊಡ್ಡದೋ ಎಂದು ತೂಗಿ ನೋಡುವುದೇ ಮತದಾರನ ಕೆಲಸ. ಆ ತಕ್ಕಡಿಯನ್ನು ಕಿತ್ತುಕೊಂಡು ಅವನ ಕೈಗೆ ಕತ್ತರಿ ಕೊಟ್ಟಿದ್ದಾರೆ.

ಬೆಂಗಳೂರಿನಲ್ಲಿ ನಮಗೆ ಈ ದುಡ್ಡಿನ ಚಿಂತೆ ಇನ್ನೂ ಬಂದಿಲ್ಲ. ಭಾರತದ ಯುಬಿಎ ಲೀಗ್‌ನಲ್ಲಿ ಬೆಂಗಳೂರು ಬೀಸ್ಟ್ ತಂಡ ಆಡಿದ್ದನ್ನು ನೋಡಿದವರಿದ್ದೇವೆ. 2015ರಲ್ಲಿ ಶುರುವಾದ ಆ ಲೀಗ್ ಬೇಗ ನಿಂತುಹೋಯಿತು. 2019ರಲ್ಲಿ ಮಹಿಳೆಯರ ಏಷ್ಯಾ ಕಪ್ ಕಂಠೀರವ ಒಳಾಂಗಣ ಕ್ರೀಡಾಂಗಣದಲ್ಲಿ ನಡೆದಾಗ ಜಪಾನಿನ ನಾಕೊ ಮೊಟೊಹಾಶಿ ಎಂವಿಪಿ ಕಪ್ ಎತ್ತಿದ್ದೂ ಇದೇ ಊರಿನಲ್ಲಿ. ಅಂಥ ದೊಡ್ಡ ಟೂರ್ನಿಗೆ ಕಂಪ್ಯೂಟರ್ ಮುಂದೆ ಕೂತು ಪ್ರತಿ ರೀಬೌಂಡ್, ಪ್ರತಿ ಅಸಿಸ್ಟ್ ದಾಖಲಿಸುವ ತಂಡವೇ ಬರುತ್ತದೆ. ನಮ್ಮ ಭಾನುವಾರದ ಟೂರ್ನಿಗಳಿಗೆ ಅದು ಬರುವುದಿಲ್ಲ. ಅದಿಲ್ಲದೆಯೂ 1956ರ ದಾರಿ ಒಂದು ಇದೆ.

ಕಳೆದೆರಡು ಟೂರ್ನಿಗಳಲ್ಲಿ ನಾನು ಸಂಘಟಕರನ್ನು ಒಪ್ಪಿಸಿ ಅದನ್ನೇ ಮಾಡಿ ನೋಡಿದೆ. ಸೆಮಿಫೈನಲ್ ಮುಗಿದ ಕೂಡಲೇ ಸೋತ ತಂಡಗಳ ನಾಯಕರಿಗೂ, ಫೈನಲ್ ಮುಗಿದ ಮೇಲೆ ಉಳಿದಿಬ್ಬರಿಗೂ ಒಂದೊಂದು ಚೀಟಿ. ಸ್ವಂತ ತಂಡದವರ ಹೆಸರು ಬರೆಯುವಂತಿಲ್ಲ. ಕೆಳಗೆ ಸಹಿ ಹಾಕಬೇಕು, ಚೀಟಿಯನ್ನು ಎಲ್ಲರ ಮುಂದೆ ಓದುತ್ತೇವೆ. ಮೊದಲ ಸಲ ಹೆಚ್ಚು ಪಾಯಿಂಟ್ ಗಳಿಸಿದ ಹುಡುಗನೇ ಗೆದ್ದ, ನಾನು ಕೊಡುತ್ತಿದ್ದ ಹೆಸರೇ. ಎರಡನೇ ಸಲ ನಾಲ್ಕರಲ್ಲಿ ಮೂರು ಚೀಟಿಗಳಲ್ಲಿ ಒಬ್ಬ ಗಾರ್ಡ್ ಹೆಸರಿತ್ತು. ಮೂರು ಪಂದ್ಯಗಳ ಹಾಳೆಗಳನ್ನು ತಿರುಗಿಸಿ ಅವನ ಪಾಯಿಂಟ್ ಕೂಡಿದೆ: 14. ಅವನು ಏನು ಮಾಡಿದ ಎಂದು ಸೋತ ತಂಡದ ನಾಯಕನನ್ನು ಕೇಳಿದೆ. ‘ಸರ್, ನಮ್ಮ ಶೂಟರ್‌ಗೆ ಚೆಂಡೇ ಕೊಡೋಕೆ ಆಗಲಿಲ್ಲ’ ಅಂದ.